ಸಿಪಾಯಿಯ ಸಂಬಳದ ಚೀಟಿ

ಜೂನ್ 15 ದಾಟಿತೆಂದರೆ ನಂಜನಗೂಡು, ಟಿ. ನರಸೀಪುರದ ಝೆರಾಕ್ಸ್ ಅಂಗಡಿಗಳಿಗೆ ಬೇರೆ ಬಗೆಯ ಗಿರಾಕಿಗಳು ಬರತೊಡಗುತ್ತಾರೆ. ಕಾಲೇಜು ಸೇರಿಸಲು ಜಾತಿ, ಆದಾಯ ಪ್ರಮಾಣಪತ್ರದ ನಕಲು ತೆಗೆಸುವವರ ನಡುವೆಯೇ ನಿಂತ ಅಪ್ಪನೋ ಅಣ್ಣನೋ ಮೊಬೈಲ್ ಮುಂದೆ ಹಿಡಿದು, "ನಮ್ ಹುಡ್ಗ ಮಿಲ್ಟ್ರೀಲವ್ನೆ ಸಾ, ಫಾರಂ ಹದ್ನಾರು ವಾಟ್ಸಾಪಲ್ಲಿ ಕಳ್ಸವ್ನೆ, ತಗ್ದುಕೊಡಿ" ಎನ್ನುತ್ತಾರೆ. ಹಾಳೆ ಹೊರಬರುತ್ತದೆ, ದುಡ್ಡು ಕೊಟ್ಟು ಮಡಿಚಿ ಜೇಬಿಗಿಡುತ್ತಾರೆ. ಆ ಹಾಳೆಯನ್ನು ಓದುವವರು ಕಡಿಮೆ. ಬ್ಯಾಂಕಿನವರು ಸಾಲಕ್ಕೆ ಕೇಳಿದ್ದಾರೆ, ಕೊಟ್ಟರಾಯಿತು.

ಹಿಂದಿನ ಹಣಕಾಸು ವರ್ಷದಲ್ಲಿ ಎಷ್ಟು ಸಂಬಳ ಕೊಟ್ಟೆವು, ಎಷ್ಟು ತೆರಿಗೆ ಹಿಡಿದೆವು ಎಂದು ಉದ್ಯೋಗದಾತ ಬರೆದುಕೊಡಬೇಕಾದ ಪತ್ರ ಫಾರಂ 16. ಕಾರ್ಖಾನೆಯಾಗಲಿ, ಕಚೇರಿಯಾಗಲಿ, ಸೇನೆಯಾಗಲಿ, ಅದನ್ನು ಜೂನ್ 15ರೊಳಗೆ ಕೊಡಬೇಕೆನ್ನುತ್ತದೆ ಆದಾಯ ತೆರಿಗೆ ನಿಯಮ. ತಾಂಡವಪುರದ ಕೈಗಾರಿಕಾ ಪ್ರದೇಶದ ನೌಕರನಿಗೆ ಅದರಲ್ಲಿ ತಪ್ಪು ಕಂಡರೆ ಅಕೌಂಟ್ಸ್ ವಿಭಾಗದ ಬಾಗಿಲು ತಟ್ಟಿದರೆ ಮುಗಿಯಿತು. ಕುಪ್ವಾರದಲ್ಲೋ ತವಾಂಗ್‌ನಲ್ಲೋ ಇರುವ ನಾಯಕ್, ಹವಾಲ್ದಾರನಿಗೆ ಆ ಬಾಗಿಲೇ ಕಾಣುವುದಿಲ್ಲ. ಅವನು ಕೆಲಸ ಮಾಡುವುದು ಒಂದು ಕಡೆ, ಸೇವಾ ದಾಖಲೆ ಇರುವುದು ಇನ್ನೊಂದು ಕಡೆ, ಮನೆ ಕಪಿಲೆಯ ದಡದಲ್ಲಿ.

ಭೂಸೇನೆಯಲ್ಲಿ ಅಧಿಕಾರಿಗಳ ಸಂಬಳದ ಲೆಕ್ಕವೆಲ್ಲ ಪುಣೆಯ ಒಂದೇ ರಕ್ಷಣಾ ಲೆಕ್ಕ ಕಚೇರಿಯಲ್ಲಿದೆ. ಸಿಪಾಯಿಯಿಂದ ಸುಬೇದಾರ್ ಮೇಜರ್‌ವರೆಗಿನವರದು ಹಾಗಲ್ಲ. ಯಾವ ರೆಜಿಮೆಂಟಿಗೆ ಸೇರಿದರೋ ಆ ರೆಜಿಮೆಂಟಲ್ ಕೇಂದ್ರಕ್ಕೆ ಹೊಂದಿಕೊಂಡ ಪೇ ಅಕೌಂಟ್ಸ್ ಆಫೀಸ್‌ನಲ್ಲಿ ಅವರ ಲೆಕ್ಕ ಇರುತ್ತದೆ. ಮದ್ರಾಸ್ ಸ್ಯಾಪರ್ಸ್ ಸೇರಿದವನಿಗೆ ಬೆಂಗಳೂರು, ಮದ್ರಾಸ್ ರೆಜಿಮೆಂಟಿನವನಿಗೆ ನೀಲಗಿರಿಯ ವೆಲಿಂಗ್ಟನ್, ಮರಾಠಾ ಲಘು ಪದಾತಿದಳದವನಿಗೆ ಬೆಳಗಾವಿ, ಸಿಗ್ನಲ್ಸ್‌ನವನಿಗೆ ಜಬಲ್ಪುರ. ವಾಯುಸೇನೆಯ ಲೆಕ್ಕ ದೆಹಲಿಯಲ್ಲಿ, ನೌಕಾಸೇನೆಯದು ಮುಂಬೈಯಲ್ಲಿ. ಒಂದೇ ಊರಿನ ಮೂವರು ಹುಡುಗರು ಮೂರು ದಳ ಸೇರಿದರೆ ಅವರ ಫಾರಂ 16 ಮೂರು ರಾಜ್ಯಗಳಿಂದ ಬರಬಹುದು.

ಮೊದಲು ಈ ಕಾಗದಗಳೆಲ್ಲ ಯೂನಿಟ್ಟಿನ ಕ್ಲರ್ಕ್ ಕೈಗೆ ಬಂದು, ಅಲ್ಲಿಂದ ಜವಾನನ ಕೈಗೆ ಸಿಗುತ್ತಿದ್ದವು. ಸಿಕ್ಕಾಗ ಸಿಕ್ಕಿತು. ಮನೆಯವರಿಗಂತೂ ಸಂಬಳದ ಏಕೈಕ ಪುರಾವೆ ಎಂದರೆ ಅಂಚೆಯಣ್ಣ ತರುತ್ತಿದ್ದ ಮನಿಯಾರ್ಡರ್. ಸಂಬಳದಿಂದಲೇ ಇಂತಿಷ್ಟು ಮುರಿದು ನೇರ ಮನೆಗೆ ಕಳಿಸುವ ಫ್ಯಾಮಿಲಿ ಅಲಾಟ್‌ಮೆಂಟ್ ಎಂಬ ಏರ್ಪಾಡು ಸೇನೆಯಲ್ಲಿತ್ತು. ಅವ್ವನ ಲೆಕ್ಕಕ್ಕೆ ಮಗನ ಸಂಬಳ ಅಷ್ಟೇ. ಈಗ ಸಂಬಳ ನೇರ ಬ್ಯಾಂಕಿಗೆ ಬೀಳುತ್ತದೆ. ತಿಂಗಳ ಪೇ ಸ್ಲಿಪ್ಪೂ ವರ್ಷದ ಫಾರಂ 16 ಕೂಡ ಹಮ್‌ರಾಜ್ ಎಂಬ ಸೇನೆಯದೇ ಆ್ಯಪ್‌ನಲ್ಲಿ ಜವಾನನ ಫೋನಿಗೆ ಬರುತ್ತವೆ. ಇದು ದೊಡ್ಡ ಅನುಕೂಲ, ಸಂಶಯವಿಲ್ಲ. ಆದರೆ ಅನುಕೂಲ ಫೋನಿರುವವನಿಗೆ. ಊರಲ್ಲಿ ಸಾಲಕ್ಕೆ, ಮಗುವಿನ ಶಾಲೆಗೆ, ನಾಡಕಚೇರಿಗೆ ಓಡಾಡುವ ಹೆಂಡತಿಯ ಕೈಗೆ ಬರುವುದು ವಾಟ್ಸಾಪ್‌ನಲ್ಲಿ ಬಂದ ಒಂದು ಪಿಡಿಎಫ್, ಅದರ ತುಂಬ ಇಂಗ್ಲಿಷಿನ ಮೊಟಕು ಅಕ್ಷರಗಳು.

ಆ ಮೊಟಕು ಅಕ್ಷರಗಳಲ್ಲೇ ಸಂಸಾರದ ಭವಿಷ್ಯವೆಲ್ಲ ಇರುತ್ತದೆ. ಎಂಎಸ್‌ಪಿ ಎಂದಿದ್ದರೆ ಅದು ಸೇನಾ ಸೇವಾ ವೇತನ. ಏಳನೇ ವೇತನ ಆಯೋಗದ ಪ್ರಕಾರ ಜವಾನರಿಗೂ ಸುಬೇದಾರ್ ದರ್ಜೆಯ ಜೆಸಿಒಗಳಿಗೂ ತಿಂಗಳಿಗೆ 5,200 ರೂಪಾಯಿ. ಮೂಲ ವೇತನದ ಜೊತೆ ಇದನ್ನೂ ಸೇರಿಸಿಕೊಂಡೇ ತುಟ್ಟಿಭತ್ಯೆ ಲೆಕ್ಕ ಹಾಕುತ್ತಾರೆ. ಎಎಫ್‌ಪಿಪಿ ಎಂದಿದ್ದರೆ ಭವಿಷ್ಯನಿಧಿಯ ಕಡಿತ. ಎಜಿಐಎಫ್ ಎಂದರೆ 1976ರಲ್ಲಿ ಶುರುವಾದ ಸೇನೆಯ ಸಾಮೂಹಿಕ ವಿಮೆ. ಮಗ ಪ್ರತಿ ತಿಂಗಳೂ ಕಟ್ಟುತ್ತಿರುವ ವಿಮೆ ಇದೆ ಎಂಬುದೇ ಗೊತ್ತಿಲ್ಲದ ಮನೆಗಳಿವೆ. ಗೊತ್ತಾಗಬಾರದ ಹೊತ್ತಿನಲ್ಲಿ ಗೊತ್ತಾಗುತ್ತದೆ.

ಮಹದೇವ, ಮಾದೇವ, ಮಹಾದೇವ್

ಈ ಸೀಮೆಗೇ ವಿಶೇಷವಾದ ಒಂದು ತೊಡಕಿದೆ. ಅದು ಹೆಸರಿನದು.

ನಂಜುಂಡನ ಸನ್ನಿಧಿ ಒಂದು ಕಡೆ, ಮಲೆ ಮಹದೇಶ್ವರನ ಬೆಟ್ಟದ ನಂಟು ಇನ್ನೊಂದು ಕಡೆ. ಈ ಎರಡು ತಾಲ್ಲೂಕುಗಳಲ್ಲಿ ಯಾವ ಓಣಿಯಲ್ಲಿ ಕರೆದರೂ ಒಬ್ಬ ಮಹದೇವ, ಒಬ್ಬ ನಂಜುಂಡಸ್ವಾಮಿ, ಒಬ್ಬ ಶ್ರೀಕಂಠ ತಿರುಗಿ ನೋಡುತ್ತಾನೆ. ಮನೆತನದ ಹೆಸರು ಇಟ್ಟುಕೊಳ್ಳುವ ರೂಢಿ ಇಲ್ಲಿಲ್ಲ. ಹೆಸರಿನ ಹಿಂದೋ ಮುಂದೋ ಒಂದಕ್ಷರ, ಅದು ಅಪ್ಪನದೋ ಊರಿನದೋ. ಸೇನಾ ಭರ್ತಿಯ ದಿನ ಹುಡುಗ ಎಸ್ಸೆಸ್ಸೆಲ್ಸಿ ಅಂಕಪಟ್ಟಿಯಲ್ಲಿದ್ದಂತೆ 'ಮಹದೇವ ಎಂ.' ಆಗುತ್ತಾನೆ. ಉತ್ತರದ ಕ್ಲರ್ಕಿನ ಕಿವಿಗೆ ಕೇಳಿದ್ದು 'ಮಹಾದೇವ್'. ಪ್ಯಾನ್ ಅರ್ಜಿ ತುಂಬಿಸಿದ ಏಜೆಂಟ್, ಸರ್‌ನೇಮ್ ಕಾಲಂ ಖಾಲಿ ಬಿಡಬಾರದೆಂದು 'ಎಂ' ಅನ್ನು ಬಿಡಿಸಿ ಅಪ್ಪನ ಪೂರ್ತಿ ಹೆಸರು ಬರೆದ. ಆಧಾರ್ ಮಾಡಿಸಿದ್ದು ಊರಿನ ಶಾಲೆಯ ಶಿಬಿರದಲ್ಲಿ, ಅಲ್ಲಿ 'ಮಹದೇವಸ್ವಾಮಿ'. ಇಂಗ್ಲಿಷಿನಲ್ಲಿ ಈ ಹೆಸರುಗಳನ್ನು ಎಷ್ಟು ಬಗೆಯಲ್ಲಿ ಬರೆಯಬಹುದೆಂದು ಕೇಳಿದರೆ ಶ್ರೀಕಂಠೇಶ್ವರನೇ ಕೈಚೆಲ್ಲಿಯಾನು.

ನಗುವ ಸಂಗತಿಯಾಗಿ ಉಳಿಯಬಹುದಿತ್ತು. 2023ರ ಜುಲೈ 1ರಿಂದ ಉಳಿದಿಲ್ಲ. ಆಧಾರ್‌ಗೆ ಜೋಡಣೆಯಾಗದ ಪ್ಯಾನ್ ಅಂದಿನಿಂದ ನಿಷ್ಕ್ರಿಯ. ಹೆಸರು, ಹುಟ್ಟಿದ ದಿನ ತಾಳೆಯಾಗದಿದ್ದರೆ ಜೋಡಣೆ ಆಗುವುದಿಲ್ಲ. ಪ್ಯಾನ್ ನಿಷ್ಕ್ರಿಯವಾದವನ ಸಂಬಳ ತೆರಿಗೆಯ ವ್ಯಾಪ್ತಿಗೆ ಬಂದರೆ ಕನಿಷ್ಠ ಶೇ 20ರ ದರದಲ್ಲಿ ಕಡಿತ, ಬರಬೇಕಾದ ರೀಫಂಡಿಗೂ ತಡೆ. ಫಾರಂ 16ರ ಮೊದಲ ಭಾಗದಲ್ಲಿ ಪ್ಯಾನ್ ಸಂಖ್ಯೆಯ ಒಂದಕ್ಷರ ತಪ್ಪಿದ್ದರೂ ಸಾಕು, ಹಿಡಿದ ತೆರಿಗೆ ಜವಾನನ ಖಾತೆಗೆ ಕಾಣುವುದೇ ಇಲ್ಲ. ತೆರಿಗೆ ಇಲಾಖೆಯ ಜಾಲತಾಣದಲ್ಲಿ ಸಿಗುವ 26ಎಎಸ್ ಎಂಬ ಪಟ್ಟಿಯನ್ನು ಫಾರಂ 16ರ ಪಕ್ಕ ಇಟ್ಟು ನೋಡಿದರೆ ಇದು ಒಂದು ನಿಮಿಷದಲ್ಲಿ ಗೊತ್ತಾಗುತ್ತದೆ. ನೋಡುವವರಿಲ್ಲ.

ಹೆಸರಿನ ಗೊಂದಲ ತೆರಿಗೆಗೆ ನಿಲ್ಲುವುದಿಲ್ಲ. ಸೇನೆಯಲ್ಲಿ ಮದುವೆ, ಮಗು, ವಿಚ್ಛೇದನ, ರಜೆ, ಬಡ್ತಿ ಎಲ್ಲವೂ 'ಪಾರ್ಟ್ ಟು ಆರ್ಡರ್' ಎಂಬ ದಾಖಲೆಯಾಗಿ ಪ್ರಕಟವಾಗಬೇಕು. ಅದು ಪೇ ಆಫೀಸಿಗೂ ರೆಕಾರ್ಡ್ ಆಫೀಸಿಗೂ ಹೋದ ಮೇಲೆಯೇ ಸಂಬಳದಲ್ಲಿ ಅದರ ನೆರಳು ಬೀಳುವುದು. ದೇವಸ್ಥಾನದಲ್ಲಿ ತಾಳಿ ಕಟ್ಟಿ, ನಾಲ್ಕೂರಿಗೆ ಊಟ ಹಾಕಿ, ರಜೆ ಮುಗಿಸಿ ಓಡುವ ಹುಡುಗ ಉಪನೋಂದಣಾಧಿಕಾರಿ ಕಚೇರಿಯ ಪ್ರಮಾಣಪತ್ರ ತೆಗೆದುಕೊಳ್ಳದೆ ಹೋದರೆ ಸೇನೆಯ ಮಟ್ಟಿಗೆ ಅವನಿನ್ನೂ ಬ್ರಹ್ಮಚಾರಿ. ಹೆಂಡತಿಯ ಹೆಸರು ದಾಖಲೆಯಲ್ಲಿ 'ಪುಟ್ಟಮಾದಮ್ಮ' ಎಂದಿದ್ದು ಆಧಾರ್‌ನಲ್ಲಿ 'ಮಾದಮ್ಮ' ಎಂದಿದ್ದರೆ ಅದರ ಕಷ್ಟ ಗೊತ್ತಾಗುವುದು ಮೂವತ್ತು ವರ್ಷ ಬಿಟ್ಟು, ಕುಟುಂಬ ಪಿಂಚಣಿಯ ಹೊತ್ತಿಗೆ. ಅಷ್ಟರಲ್ಲಿ ತಿದ್ದಿಸಬೇಕಾದವನೇ ಇರುವುದಿಲ್ಲ.

ಕಳಲೆಯ ದಳವಾಯಿ, ಅರಿಸಿನದ ಬಟ್ಟೆ

ಸಿಪಾಯಿಯ ಸಂಬಳದ ಲೆಕ್ಕ ಎಂದ ಮೇಲೆ ನಂಜನಗೂಡಿನಿಂದ ಕೂಗಳತೆಯ ಕಳಲೆಯನ್ನು ಬಿಟ್ಟು ಮುಂದೆ ಹೋಗಲಾಗದು. ಮೈಸೂರು ಸಂಸ್ಥಾನಕ್ಕೆ ದಳವಾಯಿಗಳನ್ನು ಕೊಟ್ಟ ಊರು ಅದು. ಹದಿನೆಂಟನೇ ಶತಮಾನದ ನಡುಭಾಗದಲ್ಲಿ ಅರಸರು ಹೆಸರಿಗೆ ಮಾತ್ರ. ದೊರೆತನ ನಡೆಯುತ್ತಿದ್ದುದು ಕಳಲೆಯ ದಳವಾಯಿ ದೇವರಾಜಯ್ಯ ಮತ್ತು ತಮ್ಮ ಸರ್ವಾಧಿಕಾರಿ ನಂಜರಾಜಯ್ಯನ ಕೈಯಲ್ಲಿ. ನಂಜರಾಜಯ್ಯ ಕವಿ, ಶಿವಭಕ್ತ, ಕನ್ನಡದಲ್ಲಿ ಗ್ರಂಥಗಳನ್ನು ಬರೆಸಿದವನು, ಬರೆದವನು. ಲೆಕ್ಕದ ಮನುಷ್ಯ ಮಾತ್ರ ಅಲ್ಲ.

1750ರ ದಶಕದಲ್ಲಿ ತಿರುಚಿನಾಪಳ್ಳಿ ಕೈಗೆ ಬರುತ್ತದೆಂದು ನಂಬಿ ಅವನು ವರ್ಷಗಟ್ಟಲೆ ದಂಡು ಹೂಡಿದ. ಊರು ಬರಲಿಲ್ಲ, ಬೊಕ್ಕಸ ಖಾಲಿಯಾಯಿತು. 1757ರಲ್ಲಿ ಪೇಶ್ವೆ ಬಾಲಾಜಿ ಬಾಜಿರಾವ್ ಶ್ರೀರಂಗಪಟ್ಟಣದ ಬಾಗಿಲಿಗೇ ಬಂದು ಕಪ್ಪ ಕೇಳಿದಾಗ ಕೊಡಲು ಹಣವಿಲ್ಲದೆ ಸೀಮೆಗಳನ್ನೇ ಒತ್ತೆಯಿಟ್ಟರು. ಕಂದಾಯ ಬರುವ ಸೀಮೆ ಹೋಯಿತು, ಸಂಬಳ ಕೇಳುವ ಸೈನ್ಯ ಉಳಿಯಿತು. 1758ರಲ್ಲಿ ಬಾಕಿ ಸಂಬಳಕ್ಕಾಗಿ ಸಿಪಾಯಿಗಳು ನಂಜರಾಜಯ್ಯನ ಮನೆಬಾಗಿಲಲ್ಲಿ ಧರಣಿ ಕೂತರು. ಆ ಬಿಕ್ಕಟ್ಟನ್ನು ಬಿಡಿಸಲು ಬಂದವನು ದಿಂಡಿಗಲ್ಲಿನ ಫೌಜುದಾರ ಹೈದರಾಲಿ. ಅವನೂ ಅವನ ಲೆಕ್ಕಿಗ ಖಂಡೇರಾಯನೂ ಕೂತು ಬಾಬ್ತು ಬಾಬ್ತಾಗಿ ಬಾಕಿ ಪರಿಶೀಲಿಸಿದರು, ಸುಳ್ಳು ಬಾಬ್ತುಗಳನ್ನು ಹೊಡೆದುಹಾಕಿದರು, ನಗದು ಸಾಲದೆ ಬಂದಾಗ ಸರ್ಕಾರದ ಆನೆ, ಕುದುರೆಗಳನ್ನೂ ಕೊಟ್ಟು ತೀರಿಸಿದರು. ಇದಾದ ಮೂರೇ ವರ್ಷಕ್ಕೆ, 1761ರಲ್ಲಿ, ಸಂಸ್ಥಾನವೇ ಹೈದರನ ಕೈಸೇರಿತು. ಯುದ್ಧಗಳಿಂದ ಅವನು ದೊರೆಯಾದ ಎಂದು ನಾವು ಓದುತ್ತೇವೆ. ನನಗೆ ಕಾಣುವಂತೆ ಅವನು ಮೊದಲು ಗೆದ್ದದ್ದು ಸಂಬಳದ ವಹಿಯನ್ನು.

ಆ ವಹಿಯ ಸಂದುಗೊಂದುಗಳು ಅವನಿಗೆ ಗೊತ್ತಿದ್ದವು, ಏಕೆಂದರೆ ಅವುಗಳಲ್ಲಿ ಅವನೇ ನುಸುಳಿದ್ದ. 1803ರಿಂದ ಮೈಸೂರಿನಲ್ಲಿ ರೆಸಿಡೆಂಟ್ ಆಗಿದ್ದ ಮಾರ್ಕ್ ವಿಲ್ಕ್ಸ್ ತನ್ನ ಇತಿಹಾಸದಲ್ಲಿ ಒಂದು ಕತೆ ಹೇಳುತ್ತಾನೆ. ದಿಂಡಿಗಲ್ಲಿನಲ್ಲಿ ಒಂದು ಕಾಳಗದ ಬಳಿಕ, ಗಾಯಗೊಂಡ ಪ್ರತಿ ಸಿಪಾಯಿಗೆ ವಾಸಿಯಾಗುವವರೆಗೆ ಭತ್ಯೆ ಎಂದು ಶ್ರೀರಂಗಪಟ್ಟಣದಿಂದ ಆಜ್ಞೆ ಬಂತು. ಎಣಿಸಲು ಬಂದ ಅಧಿಕಾರಿಯ ಮುಂದೆ ಹೈದರ ನಿಜವಾದ ಗಾಯಾಳುಗಳ ಹಿಂದೆ ಮೈಯಲ್ಲಿ ಗೀರೂ ಇಲ್ಲದ ನೂರಾರು ಜನರ ಕೈಕಾಲಿಗೆ ಅರಿಸಿನ ಬಣ್ಣದ ಬಟ್ಟೆ ಸುತ್ತಿಸಿ ಸಾಲಾಗಿ ಕೂರಿಸಿದ. ಭತ್ಯೆ ಪೂರ್ತಿ ಬಂತು. ಹೈದರನ ವಿರೋಧಿಗಳ ಮಾತನ್ನು ವಿಲ್ಕ್ಸ್ ಸಲೀಸಾಗಿ ನಂಬುವವನು, ಆದ್ದರಿಂದ ಈ ಕತೆಯನ್ನು ಒಂದಿಷ್ಟು ಎಚ್ಚರದಿಂದಲೇ ಓದಬೇಕು. ಆದರೂ ಕತೆಯ ಜಾಡು ಹೊಸದೇನಲ್ಲ.

ಅರಿಸಿನದ ಬಟ್ಟೆ ಈಗಲೂ ಸುತ್ತುತ್ತಾರೆ. 2025ರ ಜುಲೈ 14ರಂದು ಆದಾಯ ತೆರಿಗೆ ಇಲಾಖೆ ದೇಶದ ಸುಮಾರು 150 ಕಡೆ ಶೋಧ ನಡೆಸಿತು. ಗುರಿ, ಸಂಬಳದಾರರಿಗೆ ಸುಳ್ಳು ವಿನಾಯಿತಿ ತೋರಿಸಿ ರೀಫಂಡ್ ಕೊಡಿಸುವ ಏಜೆಂಟರು. ಕಟ್ಟದ ಬಾಡಿಗೆ, ಕೊಡದ ದೇಣಿಗೆ, ಇಲ್ಲದ ಕಾಯಿಲೆ, ತೆಗೆಯದ ಸಾಲ. ಅದಕ್ಕೂ ಹಿಂದಿನ ನಾಲ್ಕು ತಿಂಗಳಲ್ಲಿ ಸುಮಾರು 40 ಸಾವಿರ ಮಂದಿ ತಾವಾಗಿಯೇ 1,045 ಕೋಟಿ ರೂಪಾಯಿಯ ಸುಳ್ಳು ಬೇಡಿಕೆಗಳನ್ನು ಹಿಂಪಡೆದಿದ್ದರೆಂದು ಇಲಾಖೆ ಹೇಳಿತು. ಸಂಬಳ ಖಾತ್ರಿ, ಓಡಾಟಕ್ಕೆ ಬಿಡುವಿಲ್ಲ, ಫಾರಂ 16 ಓದುವ ರೂಢಿಯಿಲ್ಲ. ಇಂಥ ಏಜೆಂಟನಿಗೆ ಜವಾನನಿಗಿಂತ ಒಳ್ಳೆ ಗಿರಾಕಿ ಇನ್ನಾರು? "ಕಟ್ ಆದದ್ದೆಲ್ಲ ವಾಪಸ್ ಕೊಡಿಸ್ತೀನಿ, ಬಂದದ್ದರಲ್ಲಿ ಇಷ್ಟು ನನಗೆ" ಎನ್ನುವವನು ಹೆಚ್ಚಾಗಿ ಸಿಗುವುದು ಬಲ್ಲವರ ಮೂಲಕವೇ. ನೋಟಿಸ್ ಬಂದಾಗ ಅವನ ಫೋನ್ ಸ್ವಿಚ್ ಆಫ್. ನೋಟಿಸ್ ಬರುವುದು ಜವಾನನ ಹೆಸರಿಗೆ, ಉತ್ತರ ಕೊಡಬೇಕಾದವನೂ ಅವನೇ.

ಸೊನ್ನೆ ತೆರಿಗೆಯ ವರ್ಷ

2025–26ರ ಹಣಕಾಸು ವರ್ಷದಿಂದ ಲೆಕ್ಕ ಬದಲಾಗಿದೆ. ಹೊಸ ತೆರಿಗೆ ಪದ್ಧತಿಯಲ್ಲಿ 12 ಲಕ್ಷದವರೆಗಿನ ಆದಾಯಕ್ಕೆ ತೆರಿಗೆ ಬೀಳುವುದಿಲ್ಲ. ಸಂಬಳದಾರರಿಗೆ 75 ಸಾವಿರದ ಸ್ಟ್ಯಾಂಡರ್ಡ್ ಡಿಡಕ್ಷನ್ ಸೇರಿದರೆ ಮಿತಿ 12.75 ಲಕ್ಷ. ಒಬ್ಬ ಹವಾಲ್ದಾರನ ಮೂಲ ವೇತನ 40,000 ಎಂದಿಟ್ಟುಕೊಳ್ಳಿ. 5,200ರ ಸೇನಾ ಸೇವಾ ವೇತನ ಸೇರಿ 45,200. ಅದರ ಮೇಲೆ 2025ರ ಜುಲೈಯಿಂದ ಇದ್ದ ಶೇ 58ರ ತುಟ್ಟಿಭತ್ಯೆ 26,216. ಒಟ್ಟು 71,416. ಇದೇ ದರ ಇಡೀ ವರ್ಷಕ್ಕೆಂದರೂ 8.57 ಲಕ್ಷ. ಗಡಿಭಾಗದ ಭತ್ಯೆ ಒಂದಿಷ್ಟು ಸೇರಿದರೂ ಮಿತಿ ದಾಟುವುದಿಲ್ಲ. ಹಿರಿಯ ಸುಬೇದಾರರು ಅಂಚಿಗೆ ಬರುತ್ತಾರೆ. ಸಿಯಾಚಿನ್‌ನಂಥ ಕಡೆ ಇದ್ದರೆ, ಅಲ್ಲಿ ಜವಾನರಿಗೂ ಜೆಸಿಒಗಳಿಗೂ ದೊಡ್ಡ ಭತ್ಯೆ ಇರುವುದರಿಂದ, ದಾಟಿಯೂ ಬಿಡುತ್ತಾರೆ.

ಹಳೆಯ ಪದ್ಧತಿಯಲ್ಲಿ ಗಡಿಯ ಭತ್ಯೆಗಳಿಗೆ ವಿನಾಯಿತಿ ಇತ್ತು. ಹೆಚ್ಚು ಅಪಾಯದ ಫೀಲ್ಡ್ ಏರಿಯಾದಲ್ಲಿ ತಿಂಗಳಿಗೆ 4,200 ರೂಪಾಯಿವರೆಗೆ, ಹೀಗೆ. ಹೊಸ ಪದ್ಧತಿಯಲ್ಲಿ ಅದು ಇಲ್ಲ. ತಾನಾಗಿ ಬರುವುದು ಹೊಸ ಪದ್ಧತಿ, ಹಳೆಯದು ಬೇಕಾದವನು ಹೇಳಿ ತೆಗೆದುಕೊಳ್ಳಬೇಕು. ಹೋಲಿಕೆಗೆ ಅಮೆರಿಕವನ್ನು ನೋಡಿ. ಅಲ್ಲಿ ಸಂಬಳ–ತೆರಿಗೆಯ ಪತ್ರ ಡಬ್ಲ್ಯು-2 ಜನವರಿ ಮುಗಿಯುವುದರೊಳಗೆ ಸೈನಿಕನ ಕೈಗೆ ಬರಬೇಕು, ಸೇನೆಯ ಮೈಪೇ ತಾಣದಲ್ಲಿ ಸಿಗುತ್ತದೆ. ಯುದ್ಧವಲಯವೆಂದು ಘೋಷಿತವಾದ ಕಡೆ ಕೆಲಸ ಮಾಡಿದ ಸಾಮಾನ್ಯ ಸಿಪಾಯಿಯ ಆ ತಿಂಗಳ ಸೇನಾ ಸಂಬಳಕ್ಕೆ ಅಲ್ಲಿನ ಒಕ್ಕೂಟ ಸರ್ಕಾರದ ಆದಾಯ ತೆರಿಗೆಯೇ ಇಲ್ಲ. ನಮ್ಮಲ್ಲಿ ಗಡಿಗೆಂದು ಪ್ರತ್ಯೇಕ ಗೌರವ ಕೊಡುವುದನ್ನು ಬಿಟ್ಟು ಎಲ್ಲರಿಗೂ ಒಂದೇ ಮಿತಿ ಏರಿಸಿದರು. ಕೈಗೆ ಬರುವ ಹಣದ ದೃಷ್ಟಿಯಿಂದ ಬಹುಪಾಲು ಜವಾನರಿಗೆ ಲಾಭವೇ ಆಗಿದೆ, ಅದನ್ನು ಒಪ್ಪಬೇಕು.

ಹಾಗಾದರೆ ತೆರಿಗೆಯೇ ಇಲ್ಲದ ಫಾರಂ 16 ಯಾಕೆ, ರಿಟರ್ನ್ ಯಾಕೆ? ಇಲ್ಲಿಯೇ ಹಲವರು ಎಡವುವುದು. 12 ಲಕ್ಷದವರೆಗೆ ತೆರಿಗೆ ಸೊನ್ನೆಯಾಗುವುದು ರಿಯಾಯಿತಿಯಿಂದ. ರಿಟರ್ನ್ ಸಲ್ಲಿಸಬೇಕೋ ಬೇಡವೋ ಎಂಬುದಕ್ಕೆ ಅಳತೆ ಹೊಸ ಪದ್ಧತಿಯ ಮೂಲ ಮಿತಿಯಾದ 4 ಲಕ್ಷ. ಅದನ್ನು ದಾಟಿದವನು ಒಂದು ರೂಪಾಯಿ ಕಟ್ಟಬೇಕಿಲ್ಲದಿದ್ದರೂ ರಿಟರ್ನ್ ಸಲ್ಲಿಸಲೇಬೇಕು.

ಈ ಭಾಗದ ಹೆಂಗಸರಿಗೆ ಇಲ್ಲೊಂದು ಅಂಜಿಕೆ ಸೇರಿಕೊಂಡಿದೆ. 2023ರ ಆಗಸ್ಟ್ 30ರಂದು ಮೈಸೂರಿನಲ್ಲೇ ಚಾಲನೆಗೊಂಡ ಗೃಹಲಕ್ಷ್ಮಿ ಯೋಜನೆಯ ತಿಂಗಳ 2,000 ರೂಪಾಯಿ, ಯಜಮಾನಿ ಅಥವಾ ಆಕೆಯ ಗಂಡ ಆದಾಯ ತೆರಿಗೆ ಪಾವತಿದಾರರಾಗಿದ್ದರೆ ಸಿಗುವುದಿಲ್ಲ. "ರಿಟರ್ನ್ ಹಾಕುದ್ರೆ ಎರಡ್ ಸಾವ್ರ ನಿಂತೋಯ್ತದೆ" ಎಂಬ ಮಾತು ಅಲ್ಲಿಂದ ಹುಟ್ಟಿದ್ದು. ತೆರಿಗೆ ಕಟ್ಟುವುದು ಬೇರೆ, ರಿಟರ್ನ್ ಸಲ್ಲಿಸುವುದು ಬೇರೆ. ತೆರಿಗೆ ಸೊನ್ನೆ ಎಂದು ತೋರಿಸಲು ಇರುವ ದಾಖಲೆಗಳೇ ಫಾರಂ 16 ಮತ್ತು ರಿಟರ್ನಿನ ಸ್ವೀಕೃತಿ. ಅವನ್ನು ಹುಟ್ಟಿಸದೇ ಇರುವುದು ರಕ್ಷಣೆ ಎಂದುಕೊಂಡವರು ಮುಂದೆ ಮನೆ ಸಾಲಕ್ಕೆ ಹೋದಾಗ ಮೂರು ವರ್ಷದ ರಿಟರ್ನ್ ಎಲ್ಲಿ ಎಂದು ಕೇಳಿಸಿಕೊಳ್ಳುತ್ತಾರೆ.

ರಿಟರ್ನ್ ಸಲ್ಲಿಸಿ 30 ದಿನದೊಳಗೆ ದೃಢೀಕರಿಸಬೇಕು. ಸುಲಭ ದಾರಿ ಆಧಾರ್ ಒಟಿಪಿ. ಒಟಿಪಿ ಬರುವುದು ಊರಲ್ಲಿ ತೆಗೆದುಕೊಂಡ ಪ್ರೀಪೇಯ್ಡ್ ಸಿಮ್‌ಗೆ. ಹೊರರಾಜ್ಯದ ಪ್ರೀಪೇಯ್ಡ್ ಸಿಮ್ ಜಮ್ಮು–ಕಾಶ್ಮೀರದಲ್ಲಿ ನಡೆಯುವುದಿಲ್ಲ. ಹೀಗೆ ಶ್ರೀನಗರದಲ್ಲಿರುವವನ ತೆರಿಗೆ ಕೆಲಸ ಅವನು ರಜೆಗೆ ಬರುವವರೆಗೆ ಕಾಯುತ್ತದೆ, ಇಲ್ಲವೇ ಸಿಮ್ಮನ್ನೇ ಮನೆಯಲ್ಲಿ ಬಿಟ್ಟು, ಪಾಸ್‌ವರ್ಡನ್ನು ಸೈಬರ್ ಅಂಗಡಿಯವನ ನೋಟ್‌ಬುಕ್ಕಿನಲ್ಲಿ ಬರೆಸಿ ನಡೆಯುತ್ತದೆ. ಎರಡನೆಯದು ಅಪಾಯ. ಸೈನಿಕನ ಸೇವಾ ವಿವರ ಇರುವ ಖಾತೆಯ ಬೀಗದ ಕೈ ಅಂಗಡಿಯಲ್ಲಿರಬಾರದು. ಅಧಿಕೃತ ಆ್ಯಪ್‌ಗಳನ್ನೇ ಹೋಲುವ ನಕಲಿ ಆ್ಯಪ್‌ಗಳಲ್ಲಿ ಸೈನಿಕರನ್ನು ಹಿಡಿಯುವ ಬಲೆ ಇರುವಾಗ ಇದು ಬರಿಯ ತೆರಿಗೆಯ ಮಾತೂ ಅಲ್ಲ.

ಎರಡು ಫಾರಂ, ಇಲ್ಲದ ಫಾರಂ

ನಿವೃತ್ತರ ಕತೆ ಇನ್ನೊಂದು. ಹಿಂದೆ ಪಿಂಚಣಿ ಬ್ಯಾಂಕಿನಿಂದ ಬರುತ್ತಿತ್ತು. ಈ ಕಡೆಯ ಅನೇಕರ ಖಾತೆ ಇದ್ದದ್ದು ಸ್ಟೇಟ್ ಬ್ಯಾಂಕ್ ಆಫ್ ಮೈಸೂರಿನಲ್ಲಿ. ಅದು 2017ರ ಏಪ್ರಿಲ್ 1ರಂದು ಸ್ಟೇಟ್ ಬ್ಯಾಂಕ್ ಆಫ್ ಇಂಡಿಯಾದೊಳಗೆ ಸೇರಿಹೋಯಿತು. ಅಂದು ಬ್ಯಾಂಕಿನವರೇ ಫಾರಂ 16 ಕೊಡುತ್ತಿದ್ದರು, ಮುಖ ನೋಡಿ ಕೇಳಬಹುದಿತ್ತು. ಈಗ 30 ಲಕ್ಷಕ್ಕೂ ಹೆಚ್ಚು ರಕ್ಷಣಾ ಪಿಂಚಣಿದಾರರು 'ಸ್ಪರ್ಶ್' ಎಂಬ ಆನ್‌ಲೈನ್ ವ್ಯವಸ್ಥೆಯಲ್ಲಿದ್ದಾರೆ. ಪಿಂಚಣಿ ಪಾವತಿ, ಫಾರಂ 16 ಎರಡೂ ಪ್ರಯಾಗ್‌ರಾಜ್‌ನ ರಕ್ಷಣಾ ಪಿಂಚಣಿ ಕಚೇರಿಯದು.

ಬ್ಯಾಂಕಿನಿಂದ ಸ್ಪರ್ಶ್‌ಗೆ ವರ್ಷದ ನಡುವೆ ಬದಲಾದವರಿಗೆ ಆ ವರ್ಷ ಎರಡು ಫಾರಂ 16. ಸೇವೆಯಿಂದ ಬಿಡುಗಡೆಯಾದ ವರ್ಷವೂ ಅಷ್ಟೇ, ಪೇ ಆಫೀಸಿನದೊಂದು, ಪಿಂಚಣಿಯದೊಂದು. ಕೊಟ್ಟ ಇಬ್ಬರೂ ತಮ್ಮ ತಮ್ಮ ಪಾಲಿಗೇ ಪೂರ್ತಿ ಮಿತಿಯನ್ನೂ ಸ್ಟ್ಯಾಂಡರ್ಡ್ ಡಿಡಕ್ಷನನ್ನೂ ಕಳೆದಿರುತ್ತಾರೆ. ಎರಡನ್ನೂ ಕೂಡಿಸಿದರೆ ಬಾಕಿ ತೆರಿಗೆ ಎದ್ದು ಕೂರುತ್ತದೆ. ಒಂದೇ ಹಾಳೆ ಹಿಡಿದು ರಿಟರ್ನ್ ಹಾಕಿದವನಿಗೆ ಬೆಂಗಳೂರಿನ ಸಂಸ್ಕರಣಾ ಕೇಂದ್ರದಿಂದ ಬರುವ ಸೂಚನೆ ಮೋಸ ಎನ್ನಿಸುತ್ತದೆ. ಲೆಕ್ಕ ಸರಿಯಾಗಿಯೇ ಇರುತ್ತದೆ. 'ಒಂದು ಶ್ರೇಣಿ, ಒಂದು ಪಿಂಚಣಿ' ಯೋಜನೆಯ ಬಾಕಿ ಕಂತುಗಳು ಬಂದ ವರ್ಷಗಳಲ್ಲಿ ಇದರ ತಿರುವುಮುರುವು ಆಯಿತು. ಹಲವು ವರ್ಷಕ್ಕೆ ಸೇರಿದ ಹಣ ಒಂದೇ ವರ್ಷದ ಆದಾಯವಾಗಿ ಕಂಡು ತೆರಿಗೆ ಏರಿತು. ಅಂಥವರಿಗೆ ಕಾನೂನಿನಲ್ಲಿ ಪರಿಹಾರವಿದೆ, ರಿಟರ್ನಿಗೂ ಮೊದಲು ಫಾರಂ 10ಇ ಸಲ್ಲಿಸಬೇಕು. ಅದನ್ನು ತಾನಾಗಿ ಬಂದು ಹೇಳುವವರು ಯಾರೂ ಇಲ್ಲ.

ಗಂಡ ತೀರಿಕೊಂಡ ಮೇಲೆ ಫಾರಂ 16 ಬರುವುದೇ ಇಲ್ಲ. ಕುಟುಂಬ ಪಿಂಚಣಿ ಕಾನೂನಿನ ಕಣ್ಣಿನಲ್ಲಿ ಸಂಬಳವಲ್ಲ, 'ಇತರ ಮೂಲದ ಆದಾಯ'. ಆದ್ದರಿಂದ ಸಂಬಳದ ಹಾಗೆ ಮೂಲದಲ್ಲೇ ಕಡಿತವಿಲ್ಲ, ಕಡಿತದ ಪತ್ರವೂ ಇಲ್ಲ. ಹೊಸ ಪದ್ಧತಿಯಲ್ಲಿ ಪಿಂಚಣಿಯ ಮೂರನೇ ಒಂದು ಭಾಗ ಅಥವಾ 25 ಸಾವಿರ, ಯಾವುದು ಕಡಿಮೆಯೋ ಅಷ್ಟನ್ನು ಕಳೆಯಬಹುದು. ಕಾರ್ಯಾಚರಣೆಯಲ್ಲಿ ಮಡಿದವರ ಕುಟುಂಬ ಪಿಂಚಣಿಗಂತೂ ತೆರಿಗೆಯೇ ಇಲ್ಲ. ಪರಮವೀರ, ಮಹಾವೀರ, ವೀರ ಚಕ್ರ ಪಡೆದವರ ಪಿಂಚಣಿಗೂ ಇಲ್ಲ. ಅಂಗವೈಕಲ್ಯ ಪಿಂಚಣಿಯ ವಿನಾಯಿತಿ ಯಾರ್ಯಾರಿಗೆ ಎಂಬುದು 2019ರ ಸುತ್ತೋಲೆಯ ಬಳಿಕ ಸುಪ್ರೀಂ ಕೋರ್ಟಿನವರೆಗೆ ಹೋದ ತಕರಾರು.

ಮಡಿದವನ ಮನೆಗೆ ತೆರಿಗೆ ಬೇಡ ಎಂಬ ನ್ಯಾಯ ಈ ನೆಲಕ್ಕೆ ಹೊಸದಲ್ಲ. ಟಿ. ನರಸೀಪುರ ತಾಲ್ಲೂಕಿನ ತಲಕಾಡಿನಿಂದ ಆಳಿದ ಗಂಗರ ಕಾಲದಲ್ಲಿ ಕಾಳಗದಲ್ಲಿ ಸತ್ತವನ ಮನೆಗೆ ಭೂಮಿ ಬಿಟ್ಟು ಅದನ್ನು ಕಲ್ಲಿನಲ್ಲಿ ಕೆತ್ತಿಸುತ್ತಿದ್ದರು. ಹತ್ತನೇ ಶತಮಾನದ ಆತಕೂರಿನ ಶಾಸನದಲ್ಲಿ ಗಂಗ ಬೂತುಗ ತನ್ನ ವೀರ ಮಣಲೇರನಿಗೆ ಕೊಟ್ಟ ಊರುಗಳ ಹೆಸರಿದೆ, ಹಂದಿಯೊಡನೆ ಕಾದು ಸತ್ತ ಅವನ ನಾಯಿ ಕಾಳಿಯ ಸ್ಮಾರಕವೂ ಅದೇ ಕಲ್ಲು. ಯಾರು ಕೊಟ್ಟರು, ಯಾರಿಗೆ, ಏನು, ಯಾತಕ್ಕೆ ಎಂಬುದೆಲ್ಲ ಊರವರು ಓದಬಲ್ಲ ಕನ್ನಡದಲ್ಲಿ, ಊರ ನಡುವೆ. ಈ ಎರಡು ತಾಲ್ಲೂಕುಗಳ ಇಂಥ ನೂರಾರು ಕಲ್ಲುಗಳ ಪಾಠವನ್ನು ಬಿ.ಎಲ್. ರೈಸ್ 1894ರಲ್ಲೇ ಎಪಿಗ್ರಾಫಿಯಾ ಕರ್ನಾಟಿಕದ ಮೂರನೇ ಸಂಪುಟದಲ್ಲಿ ಅಚ್ಚು ಹಾಕಿಸಿದ.

ಅಗ್ನಿವೀರರಿಗೆ ಇನ್ನೂ ಬೇರೆ ಲೆಕ್ಕ. 2022ರ ಜೂನ್ 14ರಂದು ಪ್ರಕಟವಾದ ಯೋಜನೆಯಲ್ಲಿ ಮೊದಲ ವರ್ಷ ತಿಂಗಳಿಗೆ 30 ಸಾವಿರ. ಅದರಲ್ಲಿ 9 ಸಾವಿರ ಸೇವಾನಿಧಿಗೆ ಕಡಿತ, ಸರ್ಕಾರ ಅಷ್ಟೇ ಸೇರಿಸುತ್ತದೆ, ಕೈಗೆ 21 ಸಾವಿರ. ಸೇನಾ ಸೇವಾ ವೇತನವಿಲ್ಲ, ತುಟ್ಟಿಭತ್ಯೆಯಿಲ್ಲ. ನಾಲ್ಕು ವರ್ಷ ಮುಗಿದಾಗ ಬರುವ ಸೇವಾನಿಧಿಗೆ ತೆರಿಗೆಯಿಲ್ಲ. ಪ್ರತಿ ವರ್ಷ ನಿಧಿಗೆ ಹೋಗುವ ಹಣಕ್ಕೂ 2023ರಲ್ಲಿ ಸೇರಿಸಿದ 80ಸಿಸಿಎಚ್ ಕಲಮಿನಡಿ ಕಡಿತವಿದೆ, ಹೊಸ ಪದ್ಧತಿಯಲ್ಲಿ ಅದು ಸರ್ಕಾರ ಸೇರಿಸುವ ಪಾಲಿಗೆ ಮಾತ್ರ ಸಿಗುತ್ತದೆ. ಫಾರಂ 16ರಲ್ಲಿ ಆ ಸಾಲು ಇದೆಯೇ ಎಂದು ನೋಡಬೇಕು. ಪಿಂಚಣಿಯಿಲ್ಲದ ಈ ಹುಡುಗರಿಗೆ ನಾಲ್ಕು ವರ್ಷದ ಪೇ ಸ್ಲಿಪ್ಪುಗಳೇ ಆಸ್ತಿಪತ್ರ. ಸೇವೆಯಿಂದ ಹೊರಬೀಳುವ ಮೊದಲು ಅಷ್ಟನ್ನೂ ಇಳಿಸಿಕೊಂಡು ಇಟ್ಟುಕೊಳ್ಳುವುದು ಅವರಿಗೇ ಒಳ್ಳೆಯದು.

ಇನ್ನೊಂದು ಬದಲಾವಣೆಯೂ ಇದೆ. ಆದಾಯ ತೆರಿಗೆ ಕಾಯ್ದೆ–2025 ಜಾರಿಗೆ ಬರುವ ದಿನ 2026ರ ಏಪ್ರಿಲ್ 1. 'ಹಿಂದಿನ ವರ್ಷ', 'ನಿರ್ಧಾರಣ ವರ್ಷ' ಎಂಬ ಜೋಡಿ ಹೋಗಿ 'ತೆರಿಗೆ ವರ್ಷ' ಒಂದೇ ಉಳಿಯುತ್ತದೆ, ಕಲಮುಗಳ ಸಂಖ್ಯೆ ಬದಲಾಗುತ್ತದೆ. ಅಂಗಡಿಯವನು ಬಾಯಿಪಾಠ ಮಾಡಿಕೊಂಡಿದ್ದೆಲ್ಲ ಹಳತಾಗುತ್ತದೆ.

ಸದ್ಯ ಈ ತಾಲ್ಲೂಕುಗಳ ಮಾಜಿ ಸೈನಿಕನಿಗಾಗಲಿ ಜವಾನನ ಹೆಂಡತಿಗಾಗಲಿ ಸಂಶಯ ಬಂದರೆ ಮೈಸೂರಿಗೆ ಬಸ್ ಹತ್ತಬೇಕು. ಸೈನಿಕ ಕಲ್ಯಾಣ ಇಲಾಖೆಯ ಕಚೇರಿ, ಮಾಜಿ ಸೈನಿಕರ ಆರೋಗ್ಯ ಯೋಜನೆಯ (ಇಸಿಎಚ್‌ಎಸ್) ಆಸ್ಪತ್ರೆ, ಕ್ಯಾಂಟೀನ್ ಎಲ್ಲ ಅಲ್ಲಿವೆ. ರಕ್ಷಣಾ ಲೆಕ್ಕ ಇಲಾಖೆಯೂ ರಾಜ್ಯದ ಸೈನಿಕ ಕಲ್ಯಾಣ ಇಲಾಖೆಯೂ ಮನಸ್ಸು ಮಾಡಿದರೆ ಎರಡು ಕೆಲಸಕ್ಕೆ ಹೆಚ್ಚು ಖರ್ಚಿಲ್ಲ. ಪೇ ಸ್ಲಿಪ್ ಮತ್ತು ಪಿಂಚಣಿ ಪತ್ರದ ಮೊಟಕು ಅಕ್ಷರಗಳಿಗೆ ಕನ್ನಡದಲ್ಲಿ ಅರ್ಥ ಬರೆದ ಒಂದು ಹಾಳೆ. ಜೂನ್, ಜುಲೈ ತಿಂಗಳಲ್ಲಿ ತಾಲ್ಲೂಕು ಕೇಂದ್ರದಲ್ಲಿ ಒಂದೊಂದು ದಿನದ ಶಿಬಿರ, ಹೆಸರು ತಿದ್ದುಪಡಿಯ ಅರ್ಜಿಯನ್ನು ಅಲ್ಲೇ ತೆಗೆದುಕೊಳ್ಳುವಂತೆ. ನಿಗದಿತ ದಿನದೊಳಗೆ ಕಾಗದ ತಯಾರಿಸುವ ಹೊಣೆ ಸರ್ಕಾರದ್ದಾದರೆ, ಅದು ಓದಿಸಿಕೊಳ್ಳುವಂತೆ ಮಾಡುವ ಹೊಣೆಯೂ ಅದರದ್ದೇ.

ಅಲ್ಲಿಯವರೆಗೆ ಓದುಗರಲ್ಲಿ ಮನೆಯಿಂದ ಮಿಲ್ಟ್ರಿಗೆ ಹೋದವರಿದ್ದರೆ ಒಂದು ಮಾತು. ಈ ಸಲ ಅವರು ರಜೆಗೆ ಬಂದಾಗ ಪೇ ಸ್ಲಿಪ್, ಪ್ಯಾನ್, ಆಧಾರ್, ಮದುವೆ ಪ್ರಮಾಣಪತ್ರ ನಾಲ್ಕನ್ನೂ ಒಟ್ಟಿಗಿಟ್ಟು ಹೆಸರುಗಳನ್ನು ಅಕ್ಷರ ಅಕ್ಷರ ತಾಳೆ ನೋಡಿ. ವ್ಯತ್ಯಾಸ ಕಂಡರೆ ಅವರು ಸೇವೆಯಲ್ಲಿರುವಾಗಲೇ ಯೂನಿಟ್ಟಿಗೆ ಬರೆಸಿ ತಿದ್ದಿಸಿಕೊಳ್ಳಿ.